ಆಡದ ಆಟಗಳ ಸರ್ವೇಯರ್

ಸತ್ತವರ ಮನೆಯಲ್ಲಿ ನಾಲ್ಕು ಒಳ್ಳೆಯ ಮಾತಾಡುವುದು ಎಲ್ಲ ಕಡೆಯೂ ಇರುವ ಪದ್ಧತಿ. ಕಳೆದ ತಿಂಗಳು ಹಲಸೂರಿನ ಆ ಮನೆಯ ಮುಂದೆ ಸೇರಿದ್ದ ಜನರೂ ಅದನ್ನೇ ಮಾಡುತ್ತಿದ್ದರು. "ಮಲಗಿರೋ ಹಾಗೇ ಇದಾರೆ ನೋಡಿ, ಮುಖದ ಮೇಲೆ ಒಂದು ಗೆರೆ ಕೂಡ ಇಲ್ಲ," ಎಂದು ಎದುರು ಮನೆಯಾಕೆ ಕಣ್ಣೊರೆಸಿಕೊಂಡರು. ನಾನು ತಲೆ ತಗ್ಗಿಸಿ ನಿಂತಿದ್ದೆ, ಎಲ್ಲಿ ನಗು ಬಂದುಬಿಡುತ್ತದೋ ಎಂಬ ಭಯದಿಂದ. ಒಳಗೆ ಮಲಗಿದ್ದವರಿಗೆ ಒಂದು ಕ್ಷಣ ಬಾಯಿ ಬಂದಿದ್ದರೆ ಆ ಮಾತನ್ನು ಅಲ್ಲೇ ತಿದ್ದುತ್ತಿದ್ದರು. ಗೆರೆ ಇಲ್ಲ ಅಂತ ಯಾರು ಹೇಳಿದ್ದು? ಎಡ ಹುಬ್ಬಿನ ಮೇಲೆ ಹಳೇ ಗಾಯದ ಗುರುತು, ಎರಡೂ ಮಂಡಿ ಸವೆತ, ಮುಂದಿನ ಹಲ್ಲು ಒಂದು ಒರಿಜಿನಲ್ ಅಲ್ಲ. ಒಟ್ಟಾರೆ, ಪರವಾಗಿಲ್ಲ.

'ಪರವಾಗಿಲ್ಲ' ಎಂಬುದು ಅವರ ಬಾಯಿಂದ ಬರಬಹುದಾದ ಅತಿ ದೊಡ್ಡ ಹೊಗಳಿಕೆ. ಮಗಳ ಮದುವೆಯ ಊಟ ಪರವಾಗಿಲ್ಲ. ಹಲಸೂರು ಕೆರೆ ತುಂಬಿ ನಿಂತ ವರ್ಷ ಕೆರೆ ಪರವಾಗಿಲ್ಲ. ಸೋಮೇಶ್ವರ ದೇವಸ್ಥಾನದ ಗೋಪುರಕ್ಕೆ ಹೊಸ ಬಣ್ಣ ಹೊಡೆದಾಗ ಮಾತ್ರ ಅದನ್ನೂ ಹೇಳದೆ, ಕೆಳಗಿನಿಂದ ಕತ್ತೆತ್ತಿ ನೋಡಿ, "ಮೂರನೇ ಸಾಲಲ್ಲಿ ಒಂದು ಬೊಂಬೆ ಮೂಗು ಮುರಿದಿದೆ, ಬಣ್ಣ ಬಳಿದು ಮುಚ್ಚಿದಾರೆ," ಎಂದು ಪೂಜಾರಿಗಳಿಗೆ ತಿಳಿಸಿ ಬಂದಿದ್ದರು.

ಬೀದಿಯಲ್ಲಿ ಎಲ್ಲರೂ ಅವರನ್ನು ಸರ್ವೇಯರ್ ಎಂದೇ ಕರೆಯುತ್ತಿದ್ದರು. ಭೂಮಿ ಅಳೆಯುವ ಸರ್ವೇಯರ್ ಅಲ್ಲ. ಅಪಘಾತವಾದ ಗಾಡಿಗಳನ್ನು ನೋಡಿ, ಎಷ್ಟು ಹಾಳಾಗಿದೆ, ಯಾಕೆ ಹಾಳಾಗಿದೆ ಎಂದು ವಿಮಾ ಕಂಪನಿಗೆ ವರದಿ ಬರೆದುಕೊಡುವವರು. ಅವರ ಕೆಲಸದ ಮೊದಲ ಪಾಠ, ಹಳೇ ಪೆಟ್ಟು ಬೇರೆ, ಹೊಸ ಪೆಟ್ಟು ಬೇರೆ. ಎರಡನೇ ಪಾಠ, ಪ್ರತಿ ಪೆಟ್ಟಿಗೂ ಒಂದು ಕಾರಣ ಬರೆಯಬೇಕು. ನೂರಕ್ಕೆ ತೊಂಬತ್ತು ಸಲ ಅವರು ಬರೆಯುತ್ತಿದ್ದ ಕಾರಣ ಒಂದೇ: ಮಾಲೀಕರ ನಿರ್ಲಕ್ಷ್ಯ. ಬ್ರೇಕ್ ಹಿಡಿಯಲಿಲ್ಲವೇ, ಮಾಲೀಕರ ನಿರ್ಲಕ್ಷ್ಯ. ಮರದ ಕೊಂಬೆ ಮುರಿದು ಕಾರಿನ ಮೇಲೆ ಬಿತ್ತೇ, ಮರದ ಕೆಳಗೆ ನಿಲ್ಲಿಸಿದ್ದು ಯಾರು? ಮಾಲೀಕರ ನಿರ್ಲಕ್ಷ್ಯ. ಶಿವಾಜಿನಗರದಲ್ಲಿ ಗ್ಯಾರೇಜ್ ಇಟ್ಟಿದ್ದ ಒಬ್ಬ ಹಳೆಯ ಮೆಕ್ಯಾನಿಕ್ ನನ್ನ ಹತ್ತಿರ ಹೇಳಿದ್ದರು. "ಸರ್ವೇಯರ್ ಸಾಬ್ ಬರ್ತಾರೆ ಅಂದ್ರೆ ಸಾಕಮ್ಮಾ, ನುಜ್ಜುಗುಜ್ಜಾಗಿರೋ ಗಾಡೀನೂ ಹೆದ್ರಿ ತಾನೇ ಸ್ಟಾರ್ಟ್ ಆಗ್ಬಿಡ್ತಿತ್ತು."

ನನಗೆ ಅವರ ಪರಿಚಯವಾದದ್ದು ಅವರು ನಿವೃತ್ತರಾದ ಮೇಲೆ. ಆಗ ನಾನು ಹಲಸೂರಿನಿಂದ ಇಂದಿರಾನಗರದ ಕಡೆ ತಿರುಗುವ ಬೀದಿಯಲ್ಲಿ ಬ್ರೌಸಿಂಗ್ ಸೆಂಟರ್ ನಡೆಸುತ್ತಿದ್ದೆ. ಪ್ಲೈವುಡ್ಡಿನ ಗೂಡುಗಳು, ಗೂಡಿಗೊಂದು ಕಂಪ್ಯೂಟರ್, ಬಾಗಿಲ ಹತ್ತಿರ ಒಂದು ಜೆರಾಕ್ಸ್ ಮೆಷಿನ್. ಹುಡುಗರು ಚಾಟ್ ಮಾಡಲು ಬರುತ್ತಿದ್ದರು, ಅಪ್ಪಂದಿರು ರಿಸಲ್ಟ್ ನೋಡಲು. ಒಂದು ಸಂಜೆ ಇಸ್ತ್ರಿ ಮಾಡಿದ ಅರ್ಧ ತೋಳಿನ ಅಂಗಿಯ ಈ ಹಿರಿಯರು ಬಂದರು. ಕೂರುವ ಮೊದಲು ಕುರ್ಚಿಯನ್ನು ಸುತ್ತು ಹಾಕಿ ನೋಡಿದರು. "ಬಲಗಡೆ ಕೈ ಸೀಳಿದೆ, ಸೀಟ್ ಹರಿದಿದೆ, ಕೀಬೋರ್ಡಲ್ಲಿ ಒಂದು ಕೀ ಇಲ್ಲ. ನೋಡ್ಕೊಂಡ್ಯೇನಮ್ಮಾ? ಆಮೇಲೆ ನಾನು ಮಾಡಿದ್ದು ಅನ್ನಬಾರದು," ಎಂದರು. ನನ್ನ ಅಂಗಡಿಯ ಮಾನ ಹೀಗೆ ಬೀದಿಗೆ ಬಂದದ್ದು ಅದೇ ಮೊದಲು. ಗೂಡಿನಲ್ಲಿದ್ದ ಹುಡುಗರು ಕಿಸಕ್ಕೆಂದರು. ಮಾರನೆಯ ದಿನ ನಾನು ಕುರ್ಚಿ ಬದಲಾಯಿಸಿದೆ. ಬಂದು ನೋಡಿ, "ಪರವಾಗಿಲ್ಲ," ಎಂದರು.

ಅವರು ಬರುತ್ತಿದ್ದುದು ಆಟಗಳಿಗಾಗಿ. ಕಂಪ್ಯೂಟರಿನಲ್ಲಿ ಆಡಲು ಅಲ್ಲ, ಮನೆಯಲ್ಲಿದ್ದ ಆಟಗಳನ್ನು ಅದರೊಳಗೆ ಬರೆದಿಡಲು. ಹಾವು ಏಣಿ, ಲೂಡೋ, ವ್ಯಾಪಾರದ ಆಟ, ಚದುರಂಗ, ನಾವಿಬ್ಬರೂ ಹೆಸರೇ ಕೇಳದ ವಿಲಾಯಿತಿ ಆಟಗಳು, ಎಲ್ಲ ಹಳೆಯವು, ಎಲ್ಲ ಪೆಟ್ಟಿಗೆ ಸಮೇತ. ಇಂಥವನ್ನು ಕೂಡಿಡುವವರಿಗಾಗಿಯೇ ಪರದೇಶದಲ್ಲಿ ಯಾರೋ ಒಂದು ಸೈಟ್ ನಡೆಸುತ್ತಿದ್ದರು. ಅದರಲ್ಲಿ ಸದಸ್ಯರಾಗಿ, ನಮ್ಮ ಹತ್ತಿರ ಇರುವ ಆಟದ ಹೆಸರು, ಫೋಟೋ ಹಾಕಿ, ಅದರ ಸ್ಥಿತಿ ಹೇಗಿದೆ ಎಂದು ನಮೂದಿಸಬೇಕು. ಸ್ಥಿತಿಗೆ ಆರು ದರ್ಜೆ. ಅಲ್ಲಿನ ಇಂಗ್ಲಿಷನ್ನು ನಮ್ಮ ಭಾಷೆಗೆ ಇಳಿಸಿದರೆ ಹೊಚ್ಚ ಹೊಸದು, ಹೊಸದರಂಥದು, ತುಂಬಾ ಚೆನ್ನಾಗಿದೆ, ಚೆನ್ನಾಗಿದೆ, ಪರವಾಗಿಲ್ಲ, ಕೆಟ್ಟಿದೆ. ಮೇಲಿನ ನಾಲ್ಕು ದರ್ಜೆಗಳನ್ನು ಆ ಸೈಟಿನವರು ಯಾಕೆ ಇಟ್ಟಿದ್ದಾರೆಂದು ಅವರಿಗೆ ಬಹಳ ಕಾಲ ಅರ್ಥವಾಗಲಿಲ್ಲ.

ಅವರು ಕನ್ನಡದಲ್ಲಿ ಹೇಳುತ್ತಿದ್ದರು, ನಾನು ಇಂಗ್ಲಿಷಿನಲ್ಲಿ ಟೈಪ್ ಮಾಡುತ್ತಿದ್ದೆ. ಮಿಕ್ಕ ಸದಸ್ಯರು ಒಂದು ಆಟಕ್ಕೆ ಒಂದು ಸಾಲು ಬರೆದರೆ ಇವರದು ಒಂದು ಪುಟ. "ಮುಚ್ಚಳದ ಈಶಾನ್ಯ ಮೂಲೆ ಚಪ್ಪಟೆ. ಹಳೇ ಪೆಟ್ಟು. ನೈಋತ್ಯದಲ್ಲಿ ಗೆದ್ದಲು ತಿಂದ ಗುರುತು, ಈಗ ಗೆದ್ದಲು ಇಲ್ಲ. ಕಾರಣ, ಹಿಂದಿನ ಮಾಲೀಕರ ನಿರ್ಲಕ್ಷ್ಯ." ಒಬ್ಬ ಪರದೇಶಿ ಸದಸ್ಯ ಪಾಪ ವಿನಯದಿಂದಲೇ ಕೇಳಿದ್ದ, ಪೆಟ್ಟಿಗೆಯ ಈಶಾನ್ಯ ಎಂದರೆ ಯಾವ ಕಡೆ ಎಂದು. ಇವರಿಗೆ ಸಿಟ್ಟು ಬಂತು. "ಪೆಟ್ಟಿಗೆ ಮುಖ ಪೂರ್ವಕ್ಕೆ ಇಟ್ಕೋ ಅಂತ ಬರಿಯಮ್ಮ. ಇಷ್ಟು ವಯಸ್ಸಾಗಿದೆ, ಒಂದು ಸಾಮಾನು ಯಾವ ದಿಕ್ಕಿಗೆ ಇಡ್ಬೇಕು ಅಂತ ಗೊತ್ತಿಲ್ವ ಅವನಿಗೆ?" ನಾನು ಕೊನೆಯ ವಾಕ್ಯ ಬಿಟ್ಟು ಮಿಕ್ಕದ್ದನ್ನು ಟೈಪ್ ಮಾಡಿದೆ. ಆ ಮನುಷ್ಯ ನಿಜವಾಗಿಯೂ ದಿಕ್ಸೂಚಿ ಹಿಡಿದು ನೋಡಿದನೋ ಏನೋ, ಆಮೇಲೆ ಅವನ ಸುದ್ದಿಯೇ ಇರಲಿಲ್ಲ.

ಆ ಸೈಟಿನ ಪದ್ಧತಿ ಏನೆಂದರೆ, ಸದಸ್ಯರು ಪರಸ್ಪರ ಆಟಗಳನ್ನು ಅದಲು ಬದಲು ಮಾಡಿಕೊಳ್ಳಬೇಕು. ಎಲ್ಲರೂ ತಮ್ಮ ಹರಕು ಡಬ್ಬಿಗೆ 'ಹೊಸದರಂಥದು' ಎಂದು ಹಾಕುತ್ತಿದ್ದರೆ ಇವರು ಒಳ್ಳೊಳ್ಳೆಯದಕ್ಕೆಲ್ಲ 'ಕೆಟ್ಟಿದೆ' ಎಂದು ಹಾಕುತ್ತಿದ್ದರು. ಸಹಜವಾಗಿಯೇ ಯಾರೂ ಇವರ ಕಡೆ ತಲೆ ಹಾಕಲಿಲ್ಲ. ನಾನೇ ತಡೆಯಲಾರದೆ, "ಒಂದು ಮೆಟ್ಟಲು ಮೇಲೆ ಹಾಕಿ ಸಾರ್, ಎಲ್ರೂ ಹಾಗೇ ಮಾಡೋದು," ಎಂದರೆ, ನಾನು ಯಾರದೋ ಜೇಬಿಗೆ ಕೈ ಹಾಕಲು ಹೇಳಿದೆನೇನೋ ಎನ್ನುವಂತೆ ನೋಡಿದರು.

ಆಟಗಳೆಲ್ಲ ಬಂದದ್ದು ರಸೆಲ್ ಮಾರುಕಟ್ಟೆಯ ಹಿಂದಿನ ಹರಾಜು ಅಂಗಡಿಗಳಿಂದ. ಕಾಕ್ಸ್ ಟೌನ್, ರಿಚರ್ಡ್ಸ್ ಟೌನ್ ಕಡೆಯ ಹಳೆಯ ಬಂಗಲೆಗಳವರು ಮನೆ ಮಾರಿ ಆಸ್ಟ್ರೇಲಿಯಾಕ್ಕೆ ಹೊರಟಾಗ ಪಿಯಾನೋ, ಊಟದ ಮೇಜು, ಪಿಂಗಾಣಿ ತಟ್ಟೆಗಳೆಲ್ಲ ಅಲ್ಲಿಗೆ ಬರುತ್ತಿದ್ದವು. ಜನ ಪಿಯಾನೋ ಸುತ್ತ ಕೂಗಾಡುತ್ತಿದ್ದರೆ ಇವರು ಮೂಲೆಯಲ್ಲಿ ಕುಕ್ಕರುಗಾಲಲ್ಲಿ ಕುಳಿತು ಮಕ್ಕಳ ಆಟದ ಪೆಟ್ಟಿಗೆಗಳನ್ನು ಕೆದಕುತ್ತಿದ್ದರು. ಯಾಕೆ ಈ ಹುಚ್ಚು ಎಂದು ಒಮ್ಮೆ ಕೇಳಿದ್ದೆ. ಅವರ ತಂದೆ ಹಲಸೂರಿನಲ್ಲಿ ಎಮ್ಮೆ ಕಟ್ಟಿ ಬಂಗಲೆಗಳಿಗೆ ಹಾಲು ಹಾಕುತ್ತಿದ್ದವರು. "ಅಪ್ಪನ ಜೊತೆ ಹೋದಾಗ ಕಿಟಕೀಲಿ ನೋಡ್ತಾ ನಿಂತ್ಕೋತಿದ್ದೆ ಕಣಮ್ಮ, ಆ ಮಕ್ಳು ಆಡೋದನ್ನ. ಒಳಗೆ ಬಾ ಅಂತ ಯಾರೂ ಕರೀಲಿಲ್ಲ. ಕರೀಲಿ ಅಂತ ನಾನೂ ಕಾದಿದ್ದಿಲ್ಲ ಅನ್ನು. ನೋಡೋದೇ ಅಭ್ಯಾಸ ಆಗೋಯ್ತು." ಇಷ್ಟು ಹೇಳಿ, ಪರದೆಯ ಮೇಲಿನ ಲೂಡೋ ಪೆಟ್ಟಿಗೆಯ ಆಗ್ನೇಯ ಮೂಲೆಯ ವಿಚಾರಕ್ಕೆ ಮರಳಿದರು. ನನಗೆ ಪಾಪ ಎನಿಸಿತು. ಅವರಿಗೆ ಹಾಗೇನೂ ಆದಂತೆ ಕಾಣಲಿಲ್ಲ.

ಹೀಗೆ ಬಂದ ಆಟಗಳನ್ನು ಆ ಮನೆಯಲ್ಲಿ ಯಾರೂ ಮುಟ್ಟುವಂತಿರಲಿಲ್ಲ. ಆಡಿದರೆ ದರ್ಜೆ ಇಳಿಯುತ್ತದೆ. ಮಾರತ್ತಹಳ್ಳಿಯಲ್ಲಿದ್ದ ಮಗಳು ಭಾನುವಾರ ಮಕ್ಕಳನ್ನು ಕರೆದುಕೊಂಡು ಬಂದಾಗ, ಬೀರು ತುಂಬ ಆಟ ಇಟ್ಟುಕೊಂಡ ಅಜ್ಜ ನನ್ನ ಅಂಗಡಿಗೆ ಓಡಿ ಬಂದು ಹಾವು ಏಣಿಯ ಜೆರಾಕ್ಸ್ ಮಾಡಿಸಿಕೊಂಡು ಹೋಗುತ್ತಿದ್ದರು. ನನ್ನ ಮೆಷಿನ್ನಿನ ಕಪ್ಪು ಬಿಳುಪಿನಲ್ಲಿ ಹಾವು ಯಾವುದು, ಏಣಿ ಯಾವುದು ಎಂದು ತಿಳಿಯದೆ ಮಕ್ಕಳು ಹಾವು ಹತ್ತಿ ಏಣಿಯಲ್ಲಿ ಜಾರಿ ಜಗಳವಾಡುತ್ತಿದ್ದವು. ಕಾಯಿಗಳಿಗೆ ಸೋಡಾ ಮುಚ್ಚಳ. ಅಸಲಿ ಹಾವು ಏಣಿ ಬೀರುವಿನಲ್ಲಿ ನುಸಿಗುಳಿಗೆಯ ನಡುವೆ ನೆಮ್ಮದಿಯಾಗಿ ಮಲಗಿರುತ್ತಿತ್ತು.

ಆ ಬೀರುವಿನ ಕೀಲಿ ಇರುತ್ತಿದ್ದುದು ಅವರ ಹೆಂಡತಿಯ ಸೊಂಟದಲ್ಲಿ. ಊರಿನ ಆಟೋದವರನ್ನೆಲ್ಲ ಅನುಮಾನದಿಂದ ನೋಡಿದ ಮನುಷ್ಯ ಕೀಲಿಯನ್ನು ಮಾತ್ರ ಅಲ್ಲಿ ಬಿಟ್ಟು ನಿಶ್ಚಿಂತೆಯಾಗಿದ್ದರು. ಆಂಟಿ ಹೊರಮಾವಿನ ಕಡೆಯವರು. ಹೊರಮಾವು ಇನ್ನೂ ಹಳ್ಳಿಯಾಗಿದ್ದಾಗ ಅವರ ತವರಿನವರು ಹೂವು ಬೆಳೆಯುತ್ತಿದ್ದರಂತೆ. ಸಂಜೆ ನಾನು ಅಂಗಡಿಗೆ ಹೋಗುವಾಗ ಬಾಗಿಲ ಮೆಟ್ಟಿಲ ಮೇಲೆ ಕುಳಿತು ಮಲ್ಲಿಗೆ ಕಟ್ಟುತ್ತಿದ್ದರು. ಕಣ್ಣು ಬೀದಿಯ ಮೇಲೆ, ಬೆರಳು ನಾರಿನ ಮೇಲೆ. "ಇವತ್ತೂ ಪೆಟ್ಟಿಗೆ ಮೂಲೆ ಬರ್ಸಕ್ಕೆ ಬರ್ತಾರಾ?" ಎಂದು ನನ್ನನ್ನು ಕೇಳುತ್ತಿದ್ದರು. ದಿನದಂತೆ ಹೂವಿನ ತುಂಡು ಕೊಡುತ್ತಾ ಒಮ್ಮೆ, "ಮನೇಲಿ ಇಷ್ಟೊಂದು ಆಟ ಇದೆ, ಒಂದಿನ ಕೂತ್ಕೊಂಡು ಆಡೋಣ ಬನ್ನಿ ಅಂದೆ. ಅದು ಆಡಕ್ಕಲ್ಲ ಕಣೇ ಅಂದ್ರು. ಮತ್ಯಾಕಮ್ಮ ಆಟ ಅನ್ಬೇಕು ಅದನ್ನ?" ಎಂದರು. ನಾನು ನಕ್ಕೆ. ಅವರು ನಗಲಿಲ್ಲ.

ಅವರ ಸಂಗ್ರಹದಲ್ಲಿ ಒಂದೇ ಒಂದು ಆಟಕ್ಕೆ ಅವರು ಎರಡನೇ ದರ್ಜೆ ಕೊಟ್ಟಿದ್ದರು. ಕುದುರೆ ರೇಸಿನ ಆಟ. ಮರದ ಪೆಟ್ಟಿಗೆ, ಒಳಗೆ ಮಡಿಸಿದ ಹಸಿರು ಬಟ್ಟೆಯ ಮೇಲೆ ರೇಸ್ ಓಡುವ ಮನೆಗಳು, ಒಂದು ದಾಳ, ಆರು ಬಣ್ಣದ ಆರು ಸೀಸದ ಕುದುರೆಗಳು. ಕುದುರೆಗಳನ್ನು ತಯಾರಿಸಿದವರು ಒಂದು ರಟ್ಟಿಗೆ ದಾರದಿಂದ ಕಟ್ಟಿದ್ದರು. ಆ ದಾರವನ್ನು ಯಾರೂ ಬಿಚ್ಚಿರಲಿಲ್ಲ. ಬಂಗಲೆಯ ಯಜಮಾನ ಜೂಜೆಂದು ಮಕ್ಕಳಿಗೆ ಕೊಡದೆ ಎತ್ತಿಟ್ಟದ್ದು ಹಾಗೇ ಉಳಿದಿತ್ತಂತೆ. ದಾರದ ಒಂದೊಂದು ಗಂಟಿಗೂ ಫೋಟೋ ತೆಗೆಸಿ, ಇವರು ನನ್ನಿಂದ ಬರೆಸಿದ ಸಾಲು ಈಗಲೂ ನೆನಪಿದೆ: ಆಡಿಲ್ಲ. ಹೊಸದರಂಥದು. ಅದನ್ನು ಹೇಳುವಾಗ ಅವರ ಧ್ವನಿ, ಮೊಮ್ಮಗುವಿಗೆ ಹೆಸರಿಡುವವರ ಧ್ವನಿಯಂತಿತ್ತು.

ಎರಡು ಮೂರು ವರ್ಷ ಅದು ಹಾಗೇ ಇತ್ತು. ಆಮೇಲೆ ಒಂದು ದಿನ ಪರದೇಶದ ಒಂದು ಆಟಿಕೆ ಮ್ಯೂಸಿಯಂನಿಂದ ಮೇಲ್ ಬಂತು. ಆಡದೇ ಉಳಿದ ಇಂಥ ಆಟ ಅವರು ಬೇರೆಲ್ಲೂ ನೋಡಿಲ್ಲವಂತೆ. ಗಾಜಿನ ಪೆಟ್ಟಿಗೆಯಲ್ಲಿ ಇಟ್ಟು, ಕೆಳಗೆ ಇವರ ಹೆಸರು, ಊರು ಹಾಕುತ್ತಾರಂತೆ. ಸ್ಥಿತಿ ಈಗಲೂ ಹಾಗೇ ಇದೆಯೇ ಎಂದು ತಿಳಿಯಲು ಹೊಸ ಫೋಟೋ ಕಳಿಸಬೇಕಂತೆ. ಸರ್ವೇಯರ್ ಆ ಮೇಲನ್ನು ನನ್ನಿಂದ ಮತ್ತೆ ಮತ್ತೆ ಓದಿಸಿದರು, ಪ್ರಿಂಟ್ ತೆಗೆಸಿದರು. ಕ್ಷೌರದಂಗಡಿಗೂ ಸುದ್ದಿ ಮುಟ್ಟಿತು. "ನಮ್ಮಪ್ಪ ಹಿತ್ತಲ ಬಾಗಿಲಲ್ಲಿ ಹಾಲು ಕೊಟ್ಟು ಬರ್ತಿದ್ರು. ನಾನು ಮುಂದಿನ ಬಾಗಿಲಲ್ಲೇ ಒಳಗೆ ಹೋಗ್ತೀನಿ ನೋಡಮ್ಮ, ಹೆಸರಿನ ಸಮೇತ," ಎಂದರು. ಅವರ ಬಾಯಲ್ಲಿ ಅಷ್ಟು ದೊಡ್ಡ ಆಸೆಯ ಮಾತು ನಾನು ಕೇಳಿದ್ದು ಅದೊಂದೇ ಸಲ. ನನಗೂ ಖುಷಿಯಾಯಿತು, ಇಂಥ ಮನುಷ್ಯನಿಗೂ ಏನೋ ಒಂದು ಬೇಕಾಗಿದೆಯಲ್ಲ ಎಂದು.

ಅಳಿಯನ ಡಿಜಿಟಲ್ ಕ್ಯಾಮೆರಾದಲ್ಲಿ ಭಾನುವಾರ ಫೋಟೋ ತೆಗೆಸಿದರು. ಆ ಹೊತ್ತಿಗೆ ಅವರ ಕಣ್ಣಿಗೆ ಪೊರೆ ಬರತೊಡಗಿತ್ತು. ಟಾರ್ಚ್ ಹಿಡಿದು ನಿಂತವರು ಇವರು, ನೋಡಿದ್ದು ಕ್ಯಾಮೆರಾ. ಸೋಮವಾರ ಸಂಜೆ ನನ್ನ ಅಂಗಡಿಯಲ್ಲಿ ಹಳೆಯ ಫೋಟೋ ಒಂದು ಕಡೆ, ಹೊಸ ಫೋಟೋ ಒಂದು ಕಡೆ ಇಟ್ಟು ದೊಡ್ಡದು ಮಾಡಿಸಿದರು. ಅಪಘಾತಕ್ಕೆ ಮೊದಲು, ಅಪಘಾತದ ನಂತರ, ಅವರ ಹಳೆಯ ಪದ್ಧತಿ. ಮುಖವನ್ನು ಪರದೆಗೆ ತಾಗಿಸುವಷ್ಟು ಹತ್ತಿರ ತಂದು ಬಹಳ ಹೊತ್ತು ನೋಡಿದರು.

"ಇದೇನು ದಾರ ಅಮ್ಮಾ?"

ಹಳೆಯ ಫೋಟೋದಲ್ಲಿದ್ದುದು ಕಂದು ಬಣ್ಣಕ್ಕೆ ತಿರುಗಿದ ನೂಲು. ಹೊಸದರಲ್ಲಿ ಆರು ಕುದುರೆಗಳೂ ರಟ್ಟಿಗೆ ಅಚ್ಚುಕಟ್ಟಾಗಿ ಕಟ್ಟಿಕೊಂಡೇ ಇದ್ದವು. ಆದರೆ ಬಾಳೆನಾರಿನಲ್ಲಿ. ಗಂಟು ಕೂಡ ಹೂ ಕಟ್ಟುವ ಗಂಟು. ದಿನಾ ನನ್ನ ಮುಡಿಗೆ ಬರುವ ಮಲ್ಲಿಗೆಯ ಗಂಟು ನನಗೆ ಗೊತ್ತಾಗದೇ ಇರುತ್ತದೆಯೇ? ಹೇಳಬಾರದಿತ್ತೇನೋ, ಬಾಯಿಂದ ಬಂದುಬಿಟ್ಟಿತು.

"ಬಾಳೆನಾರು ಸಾರ್. ಹೂ ಕಟ್ಟೋದು."

ಅವರು ಕನ್ನಡಕ ತೆಗೆದು, ಒರೆಸಿ, ಜೇಬಿಗಿಟ್ಟುಕೊಂಡು ಹೋದರು. ಇವತ್ತು ಆ ಮನೆಯಲ್ಲಿ ದೊಡ್ಡ ರಂಪವಾಗುತ್ತದೆ ಎಂದು ನಾನು ಅಂದುಕೊಂಡೆ. ಅಂಗಡಿ ಮುಚ್ಚಿ ಹೋಗುವಾಗ ಆ ಮನೆಯ ಮುಂದೆ ಹೆಜ್ಜೆ ನಿಧಾನ ಮಾಡಿದೆ ಕೂಡ. ಒಳಗೆ ಟಿವಿಯ ಸದ್ದು ಬಿಟ್ಟು ಬೇರೇನೂ ಕೇಳಲಿಲ್ಲ.

ಮಾರನೆಯ ಸಂಜೆ ಬಂದರು. ಕುರ್ಚಿಯ ಸ್ಥಿತಿ ನೋಡದೆ ಕುಳಿತರು. ಜೇಬಿನಿಂದ ಕರವಸ್ತ್ರದ ಗಂಟು ತೆಗೆದು ಬಿಚ್ಚಿದರು. ಆರು ಕುದುರೆಗಳು.

"ನೋಡು, ಆರಕ್ಕೂ ಬೆನ್ನಿನ ಎಡಗಡೆ ಬಣ್ಣ ಹೋಗಿದೆ. ಅರಿಶಿನ ಮೆತ್ತಿರೋದೂ ಅಲ್ಲೇ. ನಾಲ್ಕು ಜನ ಆಡಿದ್ರೆ ನಾಲ್ಕು ಥರ ಸವೀಬೇಕು. ಒಬ್ರು ಕತ್ತು ಹಿಡೀತಾರೆ, ಒಬ್ರು ಬಾಲ ಹಿಡೀತಾರೆ. ಇಲ್ಲಿ ಎಲ್ಲಾದ್ಕೂ ಒಂದೇ ಹೆಬ್ಬೆರಳು." ಒಂದು ಕುದುರೆಯನ್ನು ತಿರುಗಿಸಿ ತಮ್ಮ ಹೆಬ್ಬೆರಳನ್ನು ಆ ಸವೆತದ ಮೇಲೆ ಇಟ್ಟು ನೋಡಿದರು. "ಅಕ್ಕಪಕ್ಕದೋರನ್ನ ಸೇರಿಸ್ಕೊಂಡು ಆಡಿದಾಳೆ ಅಂತ ಸಿಟ್ಟು ಬಂದಿತ್ತು ನಂಗೆ ಮೊದ್ಲು. ಯಾರೂ ಇಲ್ಲ. ಒಬ್ಳೇ ಆಡಿದಾಳೆ ಕಣಮ್ಮ. ಆರು ಕುದುರೇನೂ ಒಬ್ಳೇ ಓಡ್ಸಿದಾಳೆ. ನಾನು ಇಲ್ಲಿಗೆ ಬರೋದು, ಅವಳು ಬಿಚ್ಚೋದು. ನಾನು ಮನೆಗೆ ಹೋಗೋ ಹೊತ್ತಿಗೆ ಮತ್ತೆ ಕಟ್ಟಿಡೋದು."

ಎಷ್ಟೋ ಸಂಜೆಗಳು ಅವರು ನನ್ನ ಪಕ್ಕ ಕುಳಿತು ಮಿಕ್ಕ ಆಟಗಳ ಸ್ಥಿತಿ ವರ್ಣಿಸುತ್ತಿದ್ದಾಗ, 'ಆಡಿಲ್ಲ' ಎಂದು ಬರೆಸಿದ್ದ ಈ ಆಟ ಅದೇ ಹೊತ್ತಿನಲ್ಲಿ ಎರಡು ಬೀದಿ ಆಚೆ ಓಡುತ್ತಿತ್ತು. ನಗಬೇಕೆನಿಸಿತು, ಆಗಲಿಲ್ಲ.

"ಆಂಟೀನ ಕೇಳಿದ್ರಾ ಸಾರ್?"

"ಏನಂತ ಕೇಳ್ಲಿ?"

ಮ್ಯೂಸಿಯಂನವರು ಕಾಯುತ್ತಿದ್ದರು. ಸರ್ವೇಯರ್ ಅವರ ಆಸೆ ನನಗೆ ಗೊತ್ತಿತ್ತು, ಅದಕ್ಕೇ ಹೇಳಿದೆ. "ಅರಿಶಿನ ಹತ್ತೀಲಿ ಒರೆಸಿದ್ರೆ ಹೋಗತ್ತೆ. ಹಳೇ ನೂಲು ಒಂದು ತಂದು ಕಟ್ಟಿ ಫೋಟೋ ತೆಗೆಸಿ ಸಾರ್. ಅಷ್ಟು ದೂರದೋರಿಗೆ ಏನು ಗೊತ್ತಾಗತ್ತೆ?" ಅವರು ಕುದುರೆಗಳನ್ನು ನೋಡುತ್ತಾ ಕುಳಿತರು. ತಕ್ಷಣ ಬೈಯಲಿಲ್ಲ, ಅದೇ ನನಗೆ ಆಶ್ಚರ್ಯ. ಜೀವನದಲ್ಲಿ ಒಮ್ಮೆಯಾದರೂ ಒಂದು ಪೆಟ್ಟನ್ನು ಮುಚ್ಚಿಡಬೇಕೆಂದು ಆ ಮನುಷ್ಯನಿಗೆ ಅನ್ನಿಸಿದ್ದರೆ ಅದು ಆಗಲೇ. ಪಕ್ಕದ ಗೂಡಿನ ಹುಡುಗ ಎದ್ದು ಹೋದ, ಇನ್ನೊಬ್ಬ ಬಂದು ಕೂತ. ಕೊನೆಗೆ, "ಆ ಪೇಜ್ ತೆಗಿ," ಎಂದರು. "ಹೊಸದರಂಥದು ತೆಗೆದುಹಾಕು. ಪರವಾಗಿಲ್ಲ ಅಂತ ಹಾಕು. ಕೆಳಗೆ ಬರಿ: ಆಡಿದೆ. ದಾರ ಬದಲಾಗಿದೆ. ಆರೂ ಕುದುರೆಗಳು ಸವೆದಿವೆ. ಒಬ್ಬರೇ ಆಡಿರುವುದು."

ನಾನು ಟೈಪ್ ಮಾಡಿ ಕೈ ಎತ್ತಿದೆ. "ಕಾರಣ ಬರೀಲಿಲ್ಲ ನೀನು," ಎಂದರು.

"ಏನು ಬರೀಲಿ ಸಾರ್?"

"ಮಾಲೀಕರ ನಿರ್ಲಕ್ಷ್ಯ."

ಈ ಸಲ ಅವರು 'ಹಿಂದಿನ ಮಾಲೀಕರ' ಎನ್ನಲಿಲ್ಲ. ನಾನು ಕೀಬೋರ್ಡ್ ಕಡೆ ತಿರುಗಿಕೊಂಡೆ. ನನಗೆ ಅಳು ಬಂದಿತ್ತು, ಅದನ್ನು ಅವರು ನೋಡಿ ಸ್ಥಿತಿ ನಮೂದಿಸುವುದು ಬೇಡವಾಗಿತ್ತು.

ಮ್ಯೂಸಿಯಂನವರು ಬಹಳ ನಾಜೂಕಾದ ಇಂಗ್ಲಿಷಿನಲ್ಲಿ ಬೇಡವೆಂದರು. ಇಷ್ಟು ಪ್ರಾಮಾಣಿಕವಾದ ವಿವರ ತಾವು ನೋಡಿಯೇ ಇಲ್ಲ ಎಂಬ ಹೊಗಳಿಕೆಯನ್ನೂ ಸೇರಿಸಿದ್ದರು. ಅದನ್ನು ಓದಿ ಹೇಳಲು ಗಿರಾಕಿಯೇ ಬರಲಿಲ್ಲ. ಸರ್ವೇಯರ್ ನನ್ನ ಅಂಗಡಿಗೆ ಬರುವುದನ್ನು ನಿಲ್ಲಿಸಿದ್ದರು. ಮೊದಮೊದಲು ಬೇಸರದಿಂದ ಮಂಕಾಗಿದ್ದಾರೆಂದೇ ತಿಳಿದೆ. ಆಮೇಲೆ ಒಂದು ದಿನ ಅವರ ಕಿಟಕಿಯ ಪಕ್ಕ ಹಾದುಹೋಗುವಾಗ ಒಳಗಿನಿಂದ ಕೂಗಾಟ ಕೇಳಿಸಿತು.

"ರೇಸಲ್ಲಿ ಕುದುರೆ ಕುದುರೇನ ಕಡಿಯುತ್ತೇನೇ? ಎಲ್ಲಿದೆ ಆ ರೂಲು? ತೋರ್ಸು!"

"ನಿಮ್ ರೂಲ್ಸ್ ಪುಸ್ತಕ ಇಂಗ್ಲಿಷಲ್ಲಿದೆ, ನಂಗೆ ಬರಲ್ಲ. ಚೌಕಾಬಾರದಲ್ಲಿ ಕಡೀಬೋದು. ಕಡ್ದೆ. ತಗೊಂಡೋಗಿ ನಿಮ್ ಕುದುರೇನ."

ನಡೆದದ್ದೇನೆಂದು ಆಂಟಿಯೇ ಮುಂದೆ ಹೇಳಿದರು. "ಒಂದಿನ ಆರು ಗಂಟೆ ಆದ್ರೂ ಹೊರಡ್ಲಿಲ್ಲ. ಬೀರು ಕೀಲಿ ಕೊಡು ಅಂದ್ರು. ಕುದುರೆ ಪೆಟ್ಟಿಗೆ ತಂದು ನಡುಮನೇಲಿಟ್ರು. ಕುದುರೆಗಳ್ನ ಅದೇ ನಾರಲ್ಲಿ ಹೆಂಗೆಂಗೋ ಸುತ್ತಿದ್ರು, ಸಿಕ್ಕುಸಿಕ್ಕು. ನೀನೇ ಬಿಚ್ಚು, ಈ ಗಂಟು ನಂಗೆ ಬರಲ್ಲ ಅಂದ್ರು. ಬೈತಾರೆ ಅಂತ ಕಾದೆ. ಯಾವ ಕುದುರೆ ನಂದು ಅಂದ್ರು." ಯಾವುದು ಕೊಟ್ಟಿರಿ ಎಂದು ಕೇಳಿದೆ. ಆಂಟಿ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕರು. ಒಬ್ಬರೇ ಆಡುವಾಗ ಅವರು ಒಂದೊಂದು ಕುದುರೆಗೂ ಒಬ್ಬೊಬ್ಬರ ಹೆಸರಿಟ್ಟಿದ್ದರಂತೆ. ನೀಲಿ ಅವರದೇ, ಬಿಳಿ ಅವರ ತಂಗಿಯದು, ಕರಿಯದು ಅತ್ತೆಯದು. ಕಂದು ಕುದುರೆ ಗಂಡನದು. "ಅದೇ ಕೊಟ್ಟೆ. ಯಾವಾಗ್ಲೂ ಅದೇ ಕೊನೇಲಿ ಬರ್ತಿತ್ತು. ಇವ್ರು ಹಿಡ್ಕೊಂಡ್ಮೇಲೂ ಹಂಗೇ ಆಯ್ತು."

ನಾಲ್ಕೈದು ವರ್ಷ ಹೀಗೇ ನಡೆಯಿತು. ಸರ್ವೇಯರಿಗೆ ಸೋಲನ್ನು ಸಹಿಸುವ ಅಭ್ಯಾಸವಿರಲಿಲ್ಲ. ದಾಳ ಬೀಳುವವರೆಗೂ ಕುದುರೆಯನ್ನು ಮುಷ್ಟಿಯಲ್ಲಿ ಹಿಸುಕುತ್ತಿದ್ದರಂತೆ. ಮಿಕ್ಕ ಆಟಗಳೂ ಒಂದೊಂದಾಗಿ ಬೀರುವಿನಿಂದ ಹೊರಗೆ ಬಂದವು. ಮೊಮ್ಮಕ್ಕಳಿಗೆ ಬಣ್ಣದ ಹಾವು ಸಿಕ್ಕಿತು. ಅಷ್ಟರಲ್ಲಿ ಸಿ.ಎಂ.ಎಚ್. ರಸ್ತೆಯಲ್ಲಿ ಮೆಟ್ರೋ ಕಂಬಗಳು ಎದ್ದು, ಧೂಳೆದ್ದು, ಎಲ್ಲರ ಮನೆಗೂ ಇಂಟರ್ನೆಟ್ ಬಂದು ನನ್ನ ಗೂಡುಗಳು ಖಾಲಿಯಾದವು. ಜೆರಾಕ್ಸ್ ಮತ್ತು ಮೊಬೈಲ್ ರೀಚಾರ್ಜ್ ಉಳಿದವು. ದಾರಿಯಲ್ಲಿ ಸಿಕ್ಕ ಸರ್ವೇಯರ್ ನನ್ನ ಅಂಗಡಿಯ ಬೋರ್ಡ್ ನೋಡಿ, "ವಾಯವ್ಯ ಮೂಲೆ ಕಿತ್ತು ಬಂದಿದೆ," ಎಂದರು. ನಾನು ಕೇಳಿದ ಅವರ ಕೊನೆಯ ಮಾತು ಅದು.

ತಿಥಿ ಕಳೆದ ಮೇಲೆ ಆ ಮ್ಯೂಸಿಯಂನಿಂದ ಮತ್ತೆ ಒಂದು ಮೇಲ್ ಬಂತು. ಈಗ ಆಡಿದ ಆಟಗಳನ್ನೂ ತೆಗೆದುಕೊಳ್ಳುತ್ತಾರಂತೆ. ಇವರ ಆ ವಿವರವನ್ನು ಯಾರೂ ಮರೆತಿಲ್ಲವಂತೆ, ಕುದುರೆಗಳ ಸ್ಥಿತಿ ಈಗ ಹೇಗಿದೆ? ಹೇಳಲೆಂದು ಆಂಟಿಯ ಮನೆಗೆ ಹೋದೆ. ಅವರು ಪೂರ್ತಿ ಕೇಳಿಸಿಕೊಂಡು, ಒಳಗಿನಿಂದ ಪೆಟ್ಟಿಗೆ ತಂದು ನನ್ನ ಮುಂದಿಟ್ಟರು. ಮುಚ್ಚಳದ ಕೀಲು ಹೋಗಿತ್ತು. ಹಸಿರು ಬಟ್ಟೆಯ ಮೇಲೆ ಕಾಫಿ ಲೋಟದ ಉಂಗುರಗಳಿದ್ದವು. ಐದು ಕುದುರೆಗಳಲ್ಲಿ ಇನ್ನೂ ಅಲ್ಲಲ್ಲಿ ಬಣ್ಣ ಕಾಣುತ್ತಿತ್ತು. ಕಂದು ಕುದುರೆಯ ಕತ್ತಿನಲ್ಲಿ ಬಣ್ಣವೇ ಇರಲಿಲ್ಲ, ಬರೀ ಸೀಸ, ಅದೂ ಒಂದು ಕಡೆಗೆ ಬಗ್ಗಿಹೋಗಿತ್ತು. ಸೈಟಿನ ಆರು ದರ್ಜೆಗಳಲ್ಲಿ ಇದಕ್ಕೆ ಹೊಂದುವುದು ಒಂದೂ ಇರಲಿಲ್ಲ.

"ಏನಂತ ಬರೀಲಿ ಆಂಟಿ?"

"ಬರೆಯೋದು ಆಮೇಲೆ. ಬಂದಿದೀಯಲ್ಲ, ಒಂದಾಟ ಆಡು."

ಕೈಗೆ ಸಿಕ್ಕಿದ ಕುದುರೆ ಎತ್ತಿಕೊಳ್ಳಲು ಹೋದೆ. "ಅದು ಬೇಡ, ಅವರ್ದು," ಎಂದು ಕಂದು ಕುದುರೆಯನ್ನು ನನ್ನ ಕೈಯಿಂದ ತೆಗೆದುಕೊಂಡು, ಕರಿಯದನ್ನು ಕೊಟ್ಟರು. ನನಗೆ ಕರಿಯದು, ಅವರಿಗೆ ನೀಲಿ, ಕಂದು ಕುದುರೆಗೂ ಒಂದು ಸರದಿ. ಗಂಡನ ಸರದಿ ಬಂದಾಗ ಅವರೇ ದಾಳ ಹಾಕಿ ಅವರೇ ನಡೆಸುತ್ತಿದ್ದರು. ನನ್ನ ಕುದುರೆಯನ್ನು ದಯೆ ದಾಕ್ಷಿಣ್ಯವಿಲ್ಲದೆ ಕಡಿದು ಮನೆಗೆ ಕಳಿಸಿದರು. ಕೊನೆಗೆ ನೀಲಿ ಗೆರೆಗೆ ಎರಡು ಮನೆ ಹಿಂದೆ, ಕಂದು ಆರು ಮನೆ ಹಿಂದೆ. ಸರದಿ ಕಂದು ಕುದುರೆಯದು. ಆಂಟಿ ಅಂಗೈಯಲ್ಲಿ ದಾಳವನ್ನು ಬಹಳ ಹೊತ್ತು ಕುಲುಕಿ ಹಾಕಿದರು. ಐದು ಬಿತ್ತು.

ಅವರು ಕುದುರೆಯ ಸವೆದ ಕತ್ತನ್ನು ಹಿಡಿದು ಒಂದು, ಎರಡು ಎಂದು ಎಣಿಸುತ್ತಾ ಆರು ಮನೆ ನಡೆಸಿದರು. ಗೆರೆ ದಾಟಿಸಿ ನಿಲ್ಲಿಸಿ, "ಗೆದ್ಬಿಟ್ರು ನೋಡು," ಎಂದು ನನ್ನ ಮುಖ ನೋಡಿದರು.

ಸರ್ವೇಯರ್ ಇದ್ದಿದ್ದರೆ ಖಂಡಿತ ಒಪ್ಪುತ್ತಿರಲಿಲ್ಲ. ನಾನು, "ಹೌದು ಆಂಟಿ, ಗೆದ್ರು," ಎಂದು ದಾಳ ಎತ್ತಿ ಪೆಟ್ಟಿಗೆಗೆ ಹಾಕಿದೆ.